ಗವಿಯೊಳಗಿನ ಬಸುರಿ

ನರೋಣಾದ ಶಾಲೆಗೆ ಬಂದಿದ್ದ ವಿಜ್ಞಾನದ ಮಾಸ್ತರರು ಮನುಷ್ಯರಿಗೆ ನಮಸ್ಕಾರ ಮಾಡಿದ್ದನ್ನು ನಾನಂತೂ ಕಂಡಿಲ್ಲ. ಅವರ ಭಕ್ತಿಯೆಲ್ಲ ಊರಾಚೆಯ ಗವಿಯಲ್ಲಿದ್ದ ಕಣ್ಣಿಲ್ಲದ ಜೇಡಕ್ಕೆ ಮೀಸಲು. ಯಾರು ಏನು ಕೇಳಿದರೂ "ಸದ್ದು ಮಾಡಬ್ಯಾಡ್ರಿ" ಎನ್ನುತ್ತಿದ್ದರು.

ಮೊಮ್ಮಗಳು ಹುಟ್ಟಿದ ಖುಷಿಗೆ ಊರೆಲ್ಲ ಪೇಢೆ ಹಂಚುತ್ತ ನಾನು ಗವಿಗೂ ಹೋದೆ. ಅದರೊಳಗೆ ಆಡು ಬಿದ್ದು ಸತ್ತಿತೆಂದು ಊರವರು ಗವಿಯ ಬಾಯಿಗೆ ಕಲ್ಲು ತುಂಬಲು ಬಂದಿದ್ದರು. ನಮ್ಮ ಮಹಾಪಂಡಿತ ಮಾಸ್ತರರು ಅಡ್ಡಲಾಗಿ ಬೋರಲು ಮಲಗಿದ್ದರು.

"ಏಳ್ರಿ ಮಾಸ್ತರ, ಕಣ್ಣಿಲ್ಲದ್ದಕ್ಕ ಗವಿ ತೆರದ್ರೇನು, ಮುಚ್ಚಿದ್ರೇನು?" ಎಂದ ಗೌಡ.

"ಅದು ತತ್ತಿಚೀಲ ಹೊತ್ತೈತ್ರಿ," ಎಂದರು ಮಾಸ್ತರರು.

ನಮ್ಮ ಮನೆಯಲ್ಲೂ ಬಾಣಂತಿ ಇದ್ದಳಲ್ಲ, ನನ್ನ ಬಾಯಿ ಸುಮ್ಮನಿರಲಿಲ್ಲ. "ಬಸುರಿ ಇರೂ ಮನ್ಯಾಗ ಕಲ್ಲು-ಮಣ್ಣಿನ ಕೆಲಸ ಮಾಡಂಗಿಲ್ಲ, ಮರ್ತೀರೇನ್ರಲೇ? ಮುಳ್ಳಬೇಲಿ ಹಾಕ್ರಿ, ಆಡೂ ಬೀಳಂಗಿಲ್ಲ."

ಆ ಪದ್ಧತಿ ಮುರಿಯುವ ಧೈರ್ಯ ಗೌಡನಿಗೂ ಇರಲಿಲ್ಲ. ಎತ್ತಿದ್ದ ಕಲ್ಲು ಕೈಯಿಂದ ಕೆಳಗಿಳಿದವು.

ಕೂಸನ್ನು ತೊಟ್ಟಿಲಿಗೆ ಹಾಕುವ ದಿನ ಮಾಸ್ತರರೂ ಬಂದರು. ಕೂಸನ್ನೇನು ನೋಡುತ್ತಾರೆ, ಅದಕ್ಕೆ ಎರಡೇ ಕಾಲು. ಜೋಗುಳ ಹಾಡುವವರಿಗೆ "ಸದ್ದು ಮಾಡಬ್ಯಾಡ್ರಿ" ಎಂದು ನೇರ ಮೂಲೆಗೆ ಹೋದರು.

ಆ ಮೂಲೆಯ ಬಲೆಯನ್ನು ನಾನು ಅವರಿಗಾಗಿಯೇ ಗುಡಿಸದೆ ಬಿಟ್ಟಿದ್ದೆ.