ಒಂದು ಸೊನ್ನೆಗೆ ಬೀಗ ಬಿದ್ದ ಬಾವಿ

ಬೆಳಗಿನ ಆರು ಗಂಟೆ. ದಾಂಡೇಲಿಯಲ್ಲಿ ಕಾಗದದ ಕಾರ್ಖಾನೆಯ ಮೊದಲ ಪಾಳಿಯ ಭೋಂಗಾ ಇನ್ನೂ ಕೂಗುತ್ತಿರುವಾಗಲೇ ಶಮಶುದ್ದೀನ ಗುಂಡುಸೂಜಿ ಹಿಡಿದು ಟೈಪ್‌ರೈಟರಿನ ಸೊನ್ನೆಯ ಹೊಟ್ಟೆ ಕೆರೆಯುತ್ತಿದ್ದಾರೆ. ನಿನ್ನೆಯ ಮಸಿ ಅದರೊಳಗೆ ಗಟ್ಟಿಯಾಗಿ ಕೂತಿದೆ. "ಉಳಿದ ಅಕ್ಷರ ವಾರಕ್ಕೊಮ್ಮೆ ಜಳಕ ಮಾಡ್ತಾವ್ರಿ. ಈ ಸಾಹೇಬ್ರಿಗೆ ಮಾತ್ರ ದಿನಾ ಬೇಕು," ಎನ್ನುತ್ತಾರೆ. ನೀರು ಪರೀಕ್ಷಿಸುವ ಈ ಎರಡು ಖೋಲಿಯ ಪ್ರಯೋಗಾಲಯದಲ್ಲಿ ಎಲ್ಲರಿಗಿಂತ ಹೆಚ್ಚು ದುಡಿಯುವುದು ಆ ಸೊನ್ನೆ. ಅದರ ನಂತರ ಶಮಶುದ್ದೀನ.

ಹಳಿಯಾಳ, ಸೂಪಾ, ಮುಂಡಗೋಡದ ಬಾವಿಗಳ ನೀರು ಬಾಟಲಿಯಲ್ಲಿ ಇಲ್ಲಿಗೆ ಬರುತ್ತದೆ. ರಸಾಯನಜ್ಞ ಈಶಪ್ಪನವರು ಪರೀಕ್ಷಿಸಿ ಅಂಕಿ ಹೇಳುತ್ತಾರೆ, ಇವರು ಹೊಡೆಯುತ್ತಾರೆ. ದಿನಕ್ಕೆ ಹನ್ನೆರಡು ವರದಿ, ಒಂದೊಂದಕ್ಕೂ ಎರಡು ಕಾರ್ಬನ್ ಪ್ರತಿ. ಇವರು ಓದಿದ್ದು ಏಳನೆಯ ಇಯತ್ತೆಯ ಮುಲ್ಕಿ ಪರೀಕ್ಷೆವರೆಗೆ. ಇದಕ್ಕೂ ಮೊದಲು ಒಂಬತ್ತು ವರ್ಷ ಕಾಗದದ ಗೋದಾಮಿನಲ್ಲಿ ಹಾಳೆ ಎಣಿಸಿದವರು. ಕಟ್ಟಿನ ಮೂಲೆಯನ್ನು ಬೀಸಣಿಗೆಯಂತೆ ಬಿಡಿಸಿ ಐದೈದು ಎಣಿಸಬೇಕು. ಅಲ್ಲಿ ಕಾನೂನು ಒಂದೇ: ಹೆಬ್ಬೆರಳ ಕೆಳಗೆ ಸಿಕ್ಕ ಹಾಳೆಯೇ ಮೊದಲನೆಯದು. ಅದನ್ನು ಬಿಟ್ಟು ಎಣಿಸಿದವನ ಕಟ್ಟು ವಾಪಸು.

ಆ ಹೆಬ್ಬೆರಳೇ ಕಳೆದ ತಿಂಗಳು ಅವರನ್ನು ಸಿಕ್ಕಿಸಿತು. ಶಮಶುದ್ದೀನರದೇ ಓಣಿಯ ಬಾವಿಯ ನೀರಿನಲ್ಲಿ ಸೀಸ ಎಷ್ಟಿದೆಯೆಂದು ನೋಡಿದ ಈಶಪ್ಪನವರು, "ಪಾಯಿಂಟ್, ಐದು ಸೊನ್ನಿ, ಎಂಟು. ಲೀಟರಿಗೆ ಇಷ್ಟು ಗ್ರಾಂ," ಎಂದರು. ಅಂದರೆ 0.000008. ಇವರು ಪಾಯಿಂಟಿನ ಎಡಗಡೆಯ ಸೊನ್ನೆಯನ್ನೂ ಹೆಬ್ಬೆರಳ ಹಾಳೆಯಂತೆ ಲೆಕ್ಕಕ್ಕೆ ಹಿಡಿದು ಐದಕ್ಕೆ ನಿಲ್ಲಿಸಿದರು. ಬಿದ್ದದ್ದು 0.00008. ಮಿತಿ ಇದ್ದದ್ದು 0.00005. ನೀರಿನಲ್ಲಿದ್ದ ಚೂರು ಸೀಸ ಕಾಗದದಲ್ಲಿ ಹತ್ತು ಪಟ್ಟಾಗಿ, ಮೂರನೆಯ ದಿನ ಪುರಸಭೆಯವರು ಬಾವಿಗೆ ಹಲಗೆ ಮುಚ್ಚಿ ಬೀಗ ಜಡಿದರು.

ಓಣಿಯ ಹೆಂಗಸರೆಲ್ಲ ಕೊಡ ಹೊತ್ತು ಕಾಳಿ ನದಿಗೆ ನಡೆದರು. ಹೋಗಿ ಬರಲು ಮೂರು ಮೈಲು. ಅವರ ನಡುವೆ ಶಮಶುದ್ದೀನರ ಹೆಂಡತಿ, ಆರು ತಿಂಗಳ ಬಸುರಿ ದೌಲತಬಿ.

ಬೀಗ ಬಿದ್ದ ಎಂಟನೆಯ ದಿನ ಫೈಲಿಗೆ ಹಚ್ಚುವಾಗ ಈಶಪ್ಪನವರ ಕೈಬರಹದ ಚೀಟಿಯೂ ತಮ್ಮ ಕಾರ್ಬನ್ ಪ್ರತಿಯೂ ಪಕ್ಕಪಕ್ಕ ಬಂದವು. "ನನ್ನ ಪ್ರತಿಯೊಳಗ ಒಂದು ಸೊನ್ನಿ ಕಡಿಮಿ ಬಿದ್ದಿತ್ರಿ. ಚೀಟಿ ಹರದು ಒಲಿಗೆ ಹಾಕಿದ್ರ ಯಾರಿಗೆ ಗೊತ್ತಾಗ್ತಿತ್ತು? ಆದ್ರ ಬಾವಿ ಬೀಗದ ಕೀಲಿ ಅಂದ್ರ ಅದ ಚೀಟಿ ಅಲ್ಲೇನ್ರಿ?" ಕೆಲಸ ಹೋದೀತೆಂದು ಗೊತ್ತಿದ್ದೂ ಎರಡನ್ನೂ ಒಯ್ದು ಮೇಜಿನ ಮೇಲಿಟ್ಟರು.

ಮುಂದಿನದನ್ನು ಅವರು ಈಶಪ್ಪನವರ ನಶ್ಯ ತುಂಬಿದ ಮೂಗಿನಿಂದಲೇ ಹೇಳುತ್ತಾರೆ: "ಶಮಶುದ್ದೀನಾ, ನಾಳಿಯಿಂದ ಈ ಸೊನ್ನಿ ಮೆರವಣಿಗಿ ಬಂದ್! ಎಂಟು ಗುಣಿಲೆ ಹತ್ತು, ಹತ್ತರ ನೆತ್ತಿ ಮ್ಯಾಲ ಋಣ ಆರು. ಪಾಯಿಂಟು ಎಂಟನ್ನ ದಾಟಾಕ ಎಷ್ಟು ಮನಿ ಜಿಗೀತೈತಿ, ಅಷ್ಟು." ಶಮಶುದ್ದೀನ ಚೀಟಿಯ ಮೇಲೆ ಬೆರಳಿಟ್ಟು ಸೊನ್ನೆ ಎಣಿಸಿದರು, ಪಾಯಿಂಟಿನ ಎಡಗಡೆಯದನ್ನೂ ಸೇರಿಸಿ. ಸರಿಯಾಗಿ ಆರು. "ಸರ, ಇದು ನಮ್ಮ ಗೋದಾಮಿನ ಎಣಿಕಿನ ಐತಲ್ರೀ!" ಬೈಯಲು ತೆರೆದ ಬಾಯಿಯಲ್ಲೇ ಈಶಪ್ಪನವರು ನಕ್ಕುಬಿಟ್ಟರಂತೆ. ನೀರನ್ನು ಮತ್ತೆ ಪರೀಕ್ಷಿಸಿದರು. ಅದೇ ಎಂಟು. ಮರುದಿನ ಬೆಳಿಗ್ಗೆ ಬೀಗ ಬಿಚ್ಚಿತು.

ಮೊದಲ ಕೊಡ ಸೇದಿದ ಪಕ್ಕದ ಮನೆಯ ಸಿದ್ದಕ್ಕ ಬಿಡಲಿಲ್ಲ: "ಶಮಶುದ್ದೀನಣ್ಣಾ, ನಿನ್ನ ಒಂದು ಸೊನ್ನಿ ಎಂಟು ದಿನ ನಮ್ಮ ತಲಿ ಮ್ಯಾಲ ಕುಂತಿತ್ತು ನೋಡು. ಏನು ಭಾರ ಅಂತಿ!" ದೌಲತಬಿ ಬಾವಿಕಟ್ಟೆ ಹಿಡಿದುಕೊಂಡು ನಕ್ಕರು.

ಈಗ ಶಮಶುದ್ದೀನ ಇಂದಿನ ಮೊದಲ ವರದಿಯನ್ನು, ಮತ್ತೆ ಪರೀಕ್ಷೆಗೆ ಬಂದ ತಮ್ಮ ಓಣಿಯ ಬಾವಿಯದನ್ನೇ, ಮಶಿನ್ನಿಗೆ ಏರಿಸುತ್ತಾರೆ. ಈ ಮಶಿನ್ನಿಗೆ ಒಂದರ ಕೀಲಿಯೇ ಇಲ್ಲ, ಇಂಗ್ಲಿಷಿನ ಸಣ್ಣ ಎಲ್ ಅಕ್ಷರವೇ ಒಂದು. ಹತ್ತು ಹೊಡೆದು, ಕಾಗದ ಸುತ್ತಿದ ರೂಳನ್ನು ಅರ್ಧ ಹಲ್ಲು ಹಿಂದಕ್ಕೆ ಹೊರಳಿಸಿ, ಉಸಿರು ಬಿಗಿಹಿಡಿದು ಅದರ ನೆತ್ತಿಗೆ ಋಣ ಆರು ಕೂರಿಸುತ್ತಾರೆ. 8 × 10⁻⁶. ಉಸಿರು ಬಿಡುತ್ತಾರೆ.

ಏನಾದರೂ ಆಸೆ ಇದೆಯೇ ಎಂದು ಕೇಳಿದರೆ, "ಒಂದರ ಕೀಲಿ ಇರೋ ಮಶಿನ್ ಬಂದ್ರ ಚಲೋ. ಬರ್ಲಿಲ್ಲಂದ್ರೂ ನಡೀತೈತಿ," ಎಂದು ಸೂಜಿಯನ್ನು ಕಿಸೆಗೆ ಚುಚ್ಚಿಕೊಳ್ಳುತ್ತಾರೆ. "ನನ್ನ ವರದಿ ಯಾರೂ ಓದೂದು ಬ್ಯಾಡ್ರಿ. ನೀರು ಸೇದ್ಲಿ, ಕುಡೀಲಿ, ಮರೀಲಿ."