ಡೆಕ್ಲನ್‌ನ ಉಸಿರು

ದೆವ್ವ, ಭೂತ, ಶಕುನ ಎನ್ನುವವರನ್ನು ಕಂಡರೆ ನನಗೆ ಮೊದಲಿನಿಂದಲೂ ಆಗಿಬರುತ್ತಿರಲಿಲ್ಲ. ಮೈಸೂರಿನ ಕಾಲೇಜೊಂದರಲ್ಲಿ ಫಿಸಿಕ್ಸ್ ಪಾಠ ಮಾಡಿದವಳು ನಾನು. ನಮ್ಮತ್ತೆ ಉಡುಪಿ ಕಡೆಯವರು. ಅವರ ಭೂತದ ಕತೆಗಳಿಗೆ ಎದುರಿಗೇ ನಕ್ಕು ಬೈಸಿಕೊಂಡಿದ್ದೇನೆ. ಈಗಲೂ ನಂಬುತ್ತೇನೆಂದು ಹೇಳಲಾರೆ. ಆದರೆ ಮೆಲ್ಬರ್ನ್‌ನಲ್ಲಿ ಒಂದು ಭಾನುವಾರ, ಹಾಡುಹಗಲಲ್ಲಿ, ನನ್ನ ಕಿವಿಯಾರೆ ಕೇಳಿದ್ದನ್ನು ಕೇಳಲಿಲ್ಲ ಎನ್ನುವುದು ಹೇಗೆ? ನಗುವುದಾದರೆ ನಗಿ. ನಿಮ್ಮ ಜಾಗದಲ್ಲಿದ್ದಿದ್ದರೆ ನಾನೂ ನಗುತ್ತಿದ್ದೆ.

ಎಂಬತ್ತರ ದಶಕದ ಕೊನೆಯಲ್ಲಿ ನಾವು ಸಿಡ್ನಿಯ ಬ್ಲ್ಯಾಕ್‌ಟೌನ್‌ನಲ್ಲಿದ್ದೆವು. ನಮ್ಮನೆಯವರಿಗೆ ಎಂಜಿನಿಯರ್ ಕೆಲಸ ಸಿಕ್ಕಿತ್ತು. ನನ್ನ ಡಿಗ್ರಿಗೆ ಅಲ್ಲಿ ಕವಡೆ ಕಿಮ್ಮತ್ತಿರಲಿಲ್ಲ. ಕೈಯಲ್ಲಿ ಉಳಿದದ್ದು ಪಿಟೀಲು ಒಂದೇ. ಆ ವರ್ಷದ ಗಣೇಶನ ಹಬ್ಬಕ್ಕೆ ಒಂದು ಸ್ಕೂಲಿನ ಹಾಲ್‌ನಲ್ಲಿ ನಾನು ನುಡಿಸಿದೆ. ಪರಿಚಯದ ಡಾಕ್ಟರೊಬ್ಬರು ತಮ್ಮ ಪಕ್ಕದ ಮನೆಯವನನ್ನು ಊಟಕ್ಕೆಂದು ಕರೆತಂದಿದ್ದರು. ಅವನೇ ಡೆಕ್ಲನ್. ಚಿತ್ರಾನ್ನದ ತಟ್ಟೆ ಕೈಯಲ್ಲಿ ಹಿಡಿದುಕೊಂಡೇ ಬಂದು, ನೆಲದ ಮೇಲೆ ಕೂತು ಪಿಟೀಲನ್ನು ಕಾಲಿಗೆ ಆನಿಸಿ ನುಡಿಸುವುದನ್ನು ತಾನು ಎಲ್ಲೂ ಕಂಡಿಲ್ಲ, ತನ್ನ ಒಪೆರಾದಲ್ಲಿ ಹಾಗೆಯೇ ಕೂತು ನುಡಿಸಬೇಕು ಎಂದ. ಕೇಳಿದ್ದಲ್ಲ, ಹೇಳಿದ್ದು.

ಒಪೆರಾ ಎಂದರೆ ನಮ್ಮ ಕಂಪನಿ ನಾಟಕವಿದ್ದ ಹಾಗೆ, ಮಾತೂ ಹಾಡೇ. ಡೆಕ್ಲನ್‌ನದರಲ್ಲಿ ಮಾತ್ರ ರಾಜರಾಣಿಯರಿರಲಿಲ್ಲ. ಬಂದರಿನ ಕೂಲಿಗಳು, ಹಡಗಿನಿಂದ ಬಾರದ ಗಂಡನಿಗಾಗಿ ಕಾಯುವ ಹೆಂಗಸರು, ಇಂಥವರು ಹಾಡುತ್ತಿದ್ದರು. ಐರ್ಲೆಂಡಿನ ಪಶ್ಚಿಮದ ಒಂದು ಹಳ್ಳಿಯಲ್ಲಿ ಪಿಟೀಲು ಕಲಿತು, ಸಿಡ್ನಿಗೆ ಬಂದು, ಸಂಜೆ ಪಬ್‌ಗಳಲ್ಲಿ ನುಡಿಸಿ, ಹಗಲು ಒಂದು ಹಳೇ ಗೋಡೌನಿನಲ್ಲಿ ಈ ಕಂಪನಿ ಕಟ್ಟಿದ್ದ. ಹೆಂಡತಿ ಬಿಟ್ಟುಹೋಗಿದ್ದಳು. ಮಕ್ಕಳಿರಲಿಲ್ಲ. ಅವನಿಗಿದ್ದದ್ದು ನಾವು ಎಂಟು ಹತ್ತು ಜನ ಅಷ್ಟೆ.

ಒಪೆರಾ ನಡೆಸುವವರು ತಾಳ ತೋರಿಸಲು ಹಿಡಿಯುವ ಕೋಲು ಅವನ ಕೈಯಲ್ಲಿರುತ್ತಿರಲಿಲ್ಲ. ನಮ್ಮಲ್ಲಿ ತಾಳಕ್ಕೆ ಕೈ ಇದೆ, ಅವನಿಗೆ ಉಸಿರು. ಎಲ್ಲರ ಹಿಂದೆ ನಿಂತು ಮೂಗಿನಿಂದ ಚುರುಕಾಗಿ ಒಂದು ಉಸಿರೆಳೆದರೆ ಎಲ್ಲರೂ ಒಟ್ಟಿಗೆ ಎತ್ತಿಕೊಳ್ಳಬೇಕು. ಹುಡುಗನಾಗಿದ್ದಾಗ ಮೂಗು ಮುರಿದಿತ್ತಂತೆ, ಆ ಉಸಿರಿನ ಕೊನೆಗೆ 'ಟಕ್' ಎಂದು ಸಣ್ಣ ಸದ್ದಾಗುತ್ತಿತ್ತು. ನಾನು ತೊಡೆ ಮೇಲೆ ತಾಳ ಹಾಕಿಕೊಂಡು ಪ್ರತಿಸಲವೂ ತಪ್ಪುತ್ತಿದ್ದೆ.

ಒಂದು ಸಲ ರಿಹರ್ಸಲ್ ಸರಸ್ವತಿ ಪೂಜೆಯ ದಿನವೇ ಬಿತ್ತು. ಪಿಟೀಲು ಪೂಜೆಗಿಟ್ಟ ಮೇಲೆ ವಿಜಯದಶಮಿಯವರೆಗೆ ಮುಟ್ಟುವುದಾದರೂ ಹೇಗೆ? ದೇವರನ್ನು ಅಷ್ಟೇನೂ ನಂಬದವಳಾದರೂ ಅದನ್ನು ಮೀರಲು ನನಗೆ ಮನಸ್ಸಾಗಲಿಲ್ಲ, ಬರಿಗೈಯಲ್ಲಿ ಹೋದೆ. ಡೆಕ್ಲನ್ ಕೆಂಡಾಮಂಡಲವಾದ. ಆಮೇಲೆ ಏನನಿಸಿತೋ, "ಹಾಗಾದ್ರೆ ಇವತ್ತು ಯಾರೂ ವಾದ್ಯ ಮುಟ್ಟಬೇಡಿ," ಎಂದು ಎಲ್ಲವನ್ನೂ ಮೂಲೆಗಿಡಿಸಿದ. ಇಡೀ ದಿನ ಕಣ್ಣು ಮುಚ್ಚಿ ಕೂತು ಅವನ ಉಸಿರಿನ ಜೊತೆ ಬರೀ ಉಸಿರೆಳೆದೆವು. ನಗು ಬರುತ್ತಿತ್ತು. ಆದರೆ ಆ ದಿನದಿಂದ ನಾನು ಒಮ್ಮೆಯೂ ತಪ್ಪಲಿಲ್ಲ. ಮುಂದೆ ಪ್ರತಿ ವರ್ಷ ಆ ದಿನ ಬಂದರೆ ಅವನೇ, "ನಿಮ್ಮ ದೇವಿಗೆ ರಜಾ ಕೊಡೋಣ," ಎನ್ನುತ್ತಿದ್ದ.

ತೊಂಬತ್ತರ ದಶಕದ ನಡುವಿನ ಹೊತ್ತಿಗೆ ಪತ್ರಿಕೆಗಳು ಹೊಗಳಲಾರಂಭಿಸಿದವು. ಹೊಗಳಿಕೆಯ ಹಿಂದೆಯೇ ದುಡ್ಡು ಹಾಕುವವರ ಕಮಿಟಿ ಬಂತು. ಕಂಪನಿ ಮೆಲ್ಬರ್ನ್‌ಗೆ ಹೋಗಬೇಕು, ದೊಡ್ಡ ಥಿಯೇಟರ್ ಬೇಕು ಎಂದರು. ಅಷ್ಟರಲ್ಲಿ ಡೆಕ್ಲನ್‌ನ ಶ್ವಾಸಕೋಶ ಕೈಕೊಟ್ಟಿತ್ತು, ನಾಲ್ಕು ಹೆಜ್ಜೆ ನಡೆದರೆ ಏದುಸಿರು. ಅವನು ಸಿಡ್ನಿಯಲ್ಲಿ ಆಸ್ಪತ್ರೆ ಸೇರಿದ್ದೇ ತಡ, ಕಮಿಟಿಯವರು ಬೇರೆ ನಿರ್ದೇಶಕನನ್ನು ತಂದು ಕೂರಿಸಿದರು. ಕಾಯುವ ಹೆಂಗಸರ ಆ ಒಪೆರಾ ಡೆಕ್ಲನ್‌ನ ಹತ್ತು ವರ್ಷದ ತಪಸ್ಸು. ಮೆಲ್ಬರ್ನ್‌ನ ಪೋಸ್ಟರಿನಲ್ಲಿ ಅವನ ಹೆಸರೇ ಇರಲಿಲ್ಲ. ಗೆದ್ದಲು ಕಟ್ಟಿದ ಹುತ್ತಕ್ಕೆ ಹಾವು ಸೇರಿಕೊಂಡ ಹಾಗೆ. ಕಂಪನಿ ಬಿಟ್ಟುಬಿಡುತ್ತೇನೆ ಎಂದು ಹೇಳಲು ನಾನು ಆಸ್ಪತ್ರೆಗೆ ಹೋದರೆ ಅವನೇ, "ಹೋಗಿ ನುಡಿಸಿ. ನೀವೂ ಬಿಟ್ರೆ ಅದರಲ್ಲಿ ನನ್ನದು ಅಂತ ಏನೂ ಇರಲ್ಲ," ಎಂದ.

ಹೊಸ ನಿರ್ದೇಶಕ ಕೆಟ್ಟವನೇನಲ್ಲ, ನಯವಾದ ಮನುಷ್ಯ. ಉಸಿರುಗಿಸಿರು ಅವನಿಗೆ ಆಗದು. ಕಂಬಗಳಿಗೆ ಸಣ್ಣ ಟಿವಿಗಳನ್ನು ಕಟ್ಟಿಸಿದ, ಅವುಗಳಲ್ಲಿ ಕಾಣುವ ಅವನ ಕೈ ನೋಡಿ ನಾವು ಎತ್ತಿಕೊಳ್ಳಬೇಕು. ಕಡೆಯ ದೃಶ್ಯದಲ್ಲಿ ದೀಪಗಳು ಆರಿ, ಹಾಡುವವರು ಒಬ್ಬರಿಗೊಬ್ಬರು ಬೆನ್ನು ಹಾಕಿ ನಿಂತು, ದೀರ್ಘ ಮೌನ. ಆಮೇಲೆ ಎಲ್ಲರೂ ಒಮ್ಮೆಲೇ ದನಿಯೆತ್ತಬೇಕು. ಇವತ್ತು ಈ ಮೌನವನ್ನು ಇನ್ನೂ ಎಳೆಯುತ್ತೇನೆ, ನನ್ನ ಕೈ ಏಳುವವರೆಗೆ ಯಾರೂ ಮಿಸುಕಬೇಡಿ ಎಂದು ಅವನು ಆ ಭಾನುವಾರ ಬೆಳಗ್ಗೆ ತಾಕೀತು ಮಾಡಿದ್ದ.

ಮಧ್ಯಾಹ್ನದ ಪ್ರದರ್ಶನ, ಹಾಲ್ ತುಂಬಿತ್ತು. ಆ ದೃಶ್ಯ ಬಂತು, ದೀಪ ಆರಿತು. ನನ್ನೆದುರಿನ ಟಿವಿಯಲ್ಲಿ ಅವನ ಕೈಗಳೆರಡೂ ಕೆಳಗಿದ್ದವು. ನಾನು ಅದನ್ನೇ ನೋಡುತ್ತಿದ್ದೆ. ಆಗ ನನ್ನ ಬೆನ್ನ ಹಿಂದೆ ಚುರುಕಾದ ಒಂದು ಉಸಿರು, ಅದರ ಕೊನೆಗೆ 'ಟಕ್'. ನನ್ನ ಕಮಾನು ತಾನಾಗಿ ಎದ್ದಿತು. ಎಲ್ಲರೂ ಎತ್ತಿಕೊಂಡೆವು, ಕೂದಲೆಳೆಯಷ್ಟೂ ಹಿಂದುಮುಂದಿಲ್ಲದೆ. ಟಿವಿಯಲ್ಲಿ ನಿರ್ದೇಶಕ ಬೆಚ್ಚಿ ತಲೆ ಎತ್ತಿದ್ದು, ನಮ್ಮ ತಾಳಕ್ಕೆ ಸೇರಿಕೊಳ್ಳಲು ಅವಸರವಾಗಿ ಕೈ ಆಡಿಸಿದ್ದು, ಎಲ್ಲ ಕಂಡಿತು. ನನ್ನ ಹಿಂದೆ ಗೋಡೆಯಿತ್ತು. ಮನುಷ್ಯ ನಿಲ್ಲುವಷ್ಟು ಜಾಗ ಅಲ್ಲಿರಲಿಲ್ಲ.

ಪ್ರದರ್ಶನ ಮುಗಿಸಿ ಒಳಗೆ ಬಂದೆವು. ದೊಡ್ಡ ಪಿಟೀಲಿನಂಥ ಚೆಲ್ಲೊ ನುಡಿಸುವ ಮರಿಯಾ ಮುಖ ಬಿಳಿಚಿಕೊಂಡು ಕೂತಿದ್ದಳು. "ನಿಮಗೂ ಕೇಳಿಸ್ತಾ?" ಎಂದಳು. ಹಳಬರೆಲ್ಲ ತಲೆಯಾಡಿಸಿದರು. ಅಭ್ಯಾಸಬಲ, ಎಷ್ಟೋ ವರ್ಷ ಅವನೊಡನೆ ಉಸಿರಾಡಿದ್ದೇವೆ, ಎಲ್ಲರ ಮೈಯಲ್ಲೂ ಅದೇ ಗಡಿಯಾರವಿದೆ ಎಂದು ನಾನೇ ವಿವರಿಸಿದೆ. ಆಗ, ಅದೇ ತಿಂಗಳು ಕಂಪನಿ ಸೇರಿದ್ದ ಹಾಡುಗಾತಿ ನನ್ನನ್ನೇ ನೋಡಿದಳು. ಡೆಕ್ಲನ್‌ನ ಮುಖವನ್ನೂ ಕಂಡವಳಲ್ಲ ಅವಳು. "ಹಿಂದೆ ಯಾರೋ ಮೂಗಲ್ಲಿ ಉಸಿರೆಳೆದ್ರಲ್ಲ, ಅದಕ್ಕೇ ಹಾಡಿದೆ. ಯಾರದು?" ಎಂದಳು. ನನ್ನ ಫಿಸಿಕ್ಸ್ ಅಲ್ಲಿಗೆ ಮುಗಿಯಿತು.

ಮರುದಿನದ ಪತ್ರಿಕೆ ಆ ದನಿಯೆತ್ತಿದ ಕ್ಷಣವನ್ನೇ ಬಾಯ್ತುಂಬ ಹೊಗಳಿತ್ತು, ಹೊಸ ನಿರ್ದೇಶಕನ ಸಾಧನೆಯೆಂದು. ಅವನು ಅದನ್ನು ಅಲ್ಲಗಳೆಯಲೂ ಇಲ್ಲ. ಸಿಡ್ನಿಗೆ ಬಂದು ನಮ್ಮನೆಯವರಿಗೆ ಹೇಳಿದರೆ, "ಫಿಸಿಕ್ಸ್ ಮೇಡಮ್ಮು ಇನ್ಮೇಲೆ ಕಣಿ ಹೇಳೋಕೆ ಕೂತ್ಕೋತಾರೆ," ಎಂದು ನಕ್ಕರು.

ನಾನು ನೆಟ್ಟಗೆ ಆಸ್ಪತ್ರೆಗೆ ಹೋದೆ. ಡೆಕ್ಲನ್ ಮೂಗಿಗೆ ಆಕ್ಸಿಜನ್ ನಳಿಗೆ ಹಾಕಿಸಿಕೊಂಡು ಮಲಗಿದ್ದ. ಆ ಭಾನುವಾರ ಮಧ್ಯಾಹ್ನವೆಲ್ಲ ಅವನಿಗೆ ಗಾಢ ನಿದ್ದೆಯೆಂದು ನರ್ಸ್ ಹೇಳಿದಳು. ಕೇಳಿದರೆ ಅವನ ಜೀವಕ್ಕೆ ಸಮಾಧಾನವಾದೀತು, ಯಾರು ಏನೇ ಕಿತ್ತುಕೊಂಡರೂ ಒಪೆರಾ ಇನ್ನೂ ಅವನದೇ ಎಂದು ಗೊತ್ತಾದೀತು ಎಂದುಕೊಂಡು ನಡೆದದ್ದನ್ನೆಲ್ಲ ಹೇಳಿದೆ. ಕಣ್ಣು ಮುಚ್ಚಿಕೊಂಡು ಕೇಳಿದ. ಆಮೇಲೆ ತಡೆದು ತಡೆದು ಹೇಳಿದ: "ಕಂಪನಿ ತಗೊಂಡ್ರು. ಹೆಸರು ತಗೊಂಡ್ರು. ಇಲ್ಲಿ ನಾನು ಒಂದು ಉಸಿರಿಗೆ ಒದ್ದಾಡ್ತಾ ಇದೀನಿ. ಅದೂ ಅವರ ಕೆಲಸ ಮಾಡೋಕೇ ಹೋಯ್ತಾ?"

ಅವನು ಆಮೇಲೂ ಕೆಲವು ವರ್ಷ ಬದುಕಿದ್ದ. ತನ್ನ ಕೋಣೆಯಲ್ಲಿ ರೇಡಿಯೊ ಹಾಕಲು ಬಿಡುತ್ತಿರಲಿಲ್ಲವಂತೆ. ಆ ಉಸಿರು ಯಾರದೆಂದು ನನಗೆ ಇವತ್ತಿಗೂ ಗೊತ್ತಿಲ್ಲ. ಅವನದಲ್ಲ ಎನ್ನೋಣವೆಂದರೆ ನನ್ನ ಕಿವಿ ಒಪ್ಪುವುದಿಲ್ಲ. ಅವನದೇ ಎಂದು ಹೇಳಿದ ದಿನ, ಅವನು ಗೋಡೆಯ ಕಡೆ ತಿರುಗಿ ಮಲಗಿಬಿಟ್ಟ.