ಬೂದು ಜಾಕೆಟ್ಟಿನ ಸಾಲಿನಲ್ಲಿ

ಅಮೆರಿಕದ ಸ್ಟರ್ಲಿಂಗ್ ಹೈಟ್ಸ್‌ನ ಕಾರಿನ ಬಿಡಿಭಾಗ ಮಾಡುವ ಆ ಜಪಾನೀ ಕಂಪನಿಯಲ್ಲಿ ಮ್ಯಾನೇಜರಿಂದ ಹಿಡಿದು ಕಸ ಗುಡಿಸುವವರ ತನಕ ಎಲ್ಲರಿಗೂ ಒಂದೇ ಬೂದು ಜಾಕೆಟ್ಟು. ಹೊಸತರಲ್ಲಿ ನಾನು ಅದನ್ನು ಕುರ್ಚಿಗೆ ನೇತುಹಾಕಿ ಓಡಾಡುತ್ತಿದ್ದೆ. ನನ್ನದು ಮೊದಲಿಂದಲೂ ಬಾಯಿ ಜೋರು. ಮೈಸೂರಲ್ಲಿ ಅಮ್ಮ ಬಜಾರಿ ಅಂತಲೇ ಬೈಯುತ್ತಿದ್ದರು. ರಿಸೆಷನ್ ಬಂದು ಸುತ್ತಲಿನ ಪ್ಲಾಂಟುಗಳು ಬಾಗಿಲು ಹಾಕತೊಡಗಿದ ಮೇಲೆ ಜಿಪ್ಪನ್ನು ಕತ್ತಿನವರೆಗೂ ಎಳೆದುಕೊಂಡೆ. ವೀಸಾ ಇದ್ದದ್ದೇ ಆ ಕೆಲಸದ ಮೇಲೆ. ಒಂದೇ ಬಣ್ಣದ ಸಾಲಲ್ಲಿ ನಿಂತರೆ, ಲೇಆಫ್ ಪಟ್ಟಿ ಮಾಡುವವರ ಕಣ್ಣಿಗೆ ಬೀಳುವುದಿಲ್ಲ ಅನ್ನೋ ಆಸೆ.

ಪಕ್ಕದ ಸೀಟಿಗೆ ಧಾರವಾಡದವನೊಬ್ಬ ಹೊಸದಾಗಿ ಬಂದ. ನನ್ನನ್ನು ಅಕ್ಕಾ ಅನ್ನುತ್ತಿದ್ದ. ಶನಿವಾರ ಅವನೂ ಅವನ ಹೆಂಡತಿಯೂ ನಮ್ಮನೆಗೆ ಬಂದರೆ, ಮ್ಯಾನೇಜರು ಕೊಟ್ಟ ಹಳೇ ಜಪಾನೀ ಸಿನಿಮಾ ಹಾಕುತ್ತಿದ್ದೆವು. ಒಂದರಲ್ಲಿ, ಒಂದೇ ಥರ ಸೂಟು ತೊಟ್ಟ ಗುಮಾಸ್ತರ ಸಾಲಿನಿಂದ ಒಬ್ಬ ಎದ್ದು ಸಾಹೇಬನಿಗೆ ಎದುರು ಮಾತಾಡಿದ. ಇವನು ಸೋಫಾ ಬಿಟ್ಟು ಎದ್ದೇಬಿಟ್ಟ. "ಭಲೇ ಮಗನ! ಗಂಡಸಂದ್ರ ಇಂವಾ ನೋಡ್ರಿ ಅಕ್ಕಾ!"

"ಅದು ಸಿನಿಮಾ ಕಣೋ, ಕೂತ್ಕೋ," ಅಂದೆ.

ಆ ಚಳಿಗಾಲ, ಖರ್ಚು ಉಳಿಸಲು ಬ್ರೇಕ್ ಪೆಡಲಿನ ಎರಡನೇ ಟೆಸ್ಟು ಕೈಬಿಡುವ ಮಾತು ಬಂತು. ಅದೇ ಟೆಸ್ಟಿನಲ್ಲಿ ಬಿರುಕು ಕಂಡದ್ದನ್ನು ನಾವಿಬ್ಬರೂ ಕಣ್ಣಾರೆ ನೋಡಿದ್ದೆವು. ಮೀಟಿಂಗಿನಲ್ಲಿ ಇಬ್ಬರೂ ಸೇರಿ ಟೆಸ್ಟು ಕೈಬಿಡುವುದು ಬೇಡ ಅನ್ನೋಣ ಅಂತ ಮಾತಾಯಿತು.

ಅವನಿಗೆ ಗೊತ್ತಿಲ್ಲದ್ದು ಒಂದಿತ್ತು. ಅಲ್ಲಿ ಯಾವುದೂ ಮೀಟಿಂಗಿನಲ್ಲಿ ತೀರ್ಮಾನ ಆಗುವುದಿಲ್ಲ. ಹಿಂದಿನ ದಿನವೇ ಮ್ಯಾನೇಜರು ಹಳಬರ ಸೀಟಿಗೆ ಬಂದು, ಮೆಲ್ಲಗೆ ಕೇಳಿ, ಒಪ್ಪಿಸಿಕೊಂಡು ಹೋಗಿರುತ್ತಾರೆ; ಮೀಟಿಂಗು ಬರೀ ಶಾಸ್ತ್ರಕ್ಕೆ. ನನ್ನ ಹತ್ತಿರವೂ ಬಂದಿದ್ದರು. ಹೆದರಿ ತಲೆ ಆಡಿಸಿಬಿಟ್ಟಿದ್ದೆ. ಅವನಿಗೆ ಹೇಳಬೇಕಿತ್ತು. ನಾಚಿಕೆಯಾಯಿತು, ಹೇಳಲಿಲ್ಲ.

ಮರುದಿನ ಮ್ಯಾನೇಜರು, ಯಾರಿಗಾದರೂ ಆಕ್ಷೇಪಣೆ ಇದೆಯಾ ಅಂತ ಎಂದಿನಂತೆ ಕೇಳಿದರು. ಇವನು ಎದ್ದ. ಬಿರುಕಿನ ಫೋಟೋ ತೋರಿಸಿದ. "ನಾವಿಬ್ಬರೂ ನೋಡಿದ್ದೇವೆ," ಅಂತ ನನ್ನ ಕಡೆ ತಿರುಗಿದ. ಅಷ್ಟೂ ಬೂದು ಜಾಕೆಟ್ಟುಗಳು ನನ್ನನ್ನೇ ನೋಡಿದವು. ಬಜಾರಿಯಂತೆ ಬಜಾರಿ, ಥೂ! "ನನಗೆ ಅಷ್ಟು ನೆನಪಿಲ್ಲ," ಅಂದೆ.

ಮುಂದಿನ ಲೇಆಫ್ ಪಟ್ಟಿಯಲ್ಲಿ ಅವನ ಹೆಸರೇ ಮೊದಲು. ಊರಿಗೆ ಹೊರಡುವ ಮುಂಚೆ ಕುಕ್ಕರು, ಮಿಕ್ಸಿ ಕೊಟ್ಟುಹೋಗಲು ಮನೆಗೆ ಬಂದ. ಬೈಯುತ್ತಾನೆ ಅಂತ ಕಾದೆ. ಬೈದಿದ್ದರೆ ಎಷ್ಟೋ ವಾಸಿಯಿತ್ತು.

"ಎಲ್ಲಾರ ಮುಂದ ನಿಮ್ಮನ್ನ ಇಕ್ಕಟ್ಟಿನ್ಯಾಗ ಸಿಗಿಸಿಬಿಟ್ಟೆ, ತಪ್ಪು ನಂದ ಐತಿ ಅಕ್ಕಾ," ಅಂದ. ಬಾಗಿಲ ತನಕ ಹೋದವನು ತಿರುಗಿ ಕೇಳಿದ: "ನೀವು ಖರೇನ ಮರ್ತಿದ್ರಿ, ಹೌದಲ್ರಿ?"

"ಹೂಂ ಕಣೋ," ಅಂದೆ. "ಪೂರ್ತಿ ಮರ್ತೇಹೋಗಿತ್ತು."